ಕಾಯಿ ಅಟ್ಟದ ಹಾರ್ಮೋನಿಯಂ

ನಾವು ಕಾಲಿಟ್ಟ ದಿನವೇ ಆ ಮನೆಯ ಯಜಮಾನಿ ಷರತ್ತು ಹಾಕಿದರು.

"ಫಿಲ್ಮೋ ಗಿಲ್ಮೋ, ಏನ್ ಬೇಕಾದ್ರೂ ತಕ್ಕಳಿ, ನಂದೇನೂ ತಕರಾರಿಲ್ಲ. ನಮ್ಮಪ್ಪನ ಪೆಟ್ಟಿಗೆನ ಒಂದು ಸಲ ನುಡಿಯೋ ಹಂಗೆ ಮಾಡಿ, ನನ್ ಕಿವಿಗೆ ಕೇಳಿಸ್ಬುಟ್ಟು ಹೋಗಿ. ಅಷ್ಟೇ ಕಣ್ರಪ್ಪ."

ನಮ್ಮ ನಿರ್ದೇಶಕ ಪೆಟ್ಟಿಗೆಯ ಮುಖವನ್ನೂ ನೋಡದೆ "ಖಂಡಿತ ಅಮ್ಮ" ಅಂದುಬಿಟ್ಟ. ಒಪ್ಪಿಕೊಳ್ಳುವುದು ಅವನ ಕೆಲಸ, ಅನುಭವಿಸುವುದು ನನ್ನದು. ಹಿಂದಿನ ಎರಡು ಚಿತ್ರಗಳಲ್ಲೂ ಹೀಗೇ ಆಗಿತ್ತು.

ದಂಡಿನಶಿವರದಿಂದ ಸ್ವಲ್ಪ ಆಚೆ, ತೆಂಗಿನ ತೋಟದೊಳಗಿನ ಮನೆ ಅದು. ಚಿತ್ರ ಹನ್ನೆರಡು ನಿಮಿಷದ್ದು, ಯಾರೂ ನುಡಿಸದೆ ಬಿಟ್ಟ ಒಂದು ವಾದ್ಯದ ಕುರಿತದ್ದು. ನಾವಿದ್ದದ್ದು ಮೂವರು: ನಿರ್ದೇಶಕ, ಕ್ಯಾಮೆರಾದವನು, ಸದ್ದು ಹಿಡಿಯುವ ನಾನು. ಯಜಮಾನಿಗೆ ಅರವತ್ತರ ಹತ್ತಿರ ವಯಸ್ಸು. ಅವರ ತಂದೆ ಸುತ್ತಲಿನ ಹಳ್ಳಿಯವರಿಗೆ ಪೌರಾಣಿಕ ನಾಟಕ ಕಲಿಸುತ್ತಿದ್ದ ಹಾರ್ಮೋನಿಯಂ ಮೇಷ್ಟ್ರು. ಒಬ್ಬಳೇ ಮಗಳಾದ್ದರಿಂದ ಮದುವೆಯಾದ ಮೇಲೆ ಗಂಡನೇ ಈ ಮನೆಗೆ ಬಂದು ನೆಲೆಸಿದ್ದರು. ಮೇಷ್ಟ್ರ ಹಾರ್ಮೋನಿಯಂ ಕೂತು ಕೈಯಲ್ಲಿ ಒತ್ತುವಂಥದ್ದಲ್ಲ. ಕಾಲಲ್ಲಿ ತುಳಿದು ಗಾಳಿ ತುಂಬುವ, ಮೇಜಿನಷ್ಟು ಎತ್ತರದ ಪೆಟ್ಟಿಗೆ. ಅದು ನಲವತ್ತು ವರ್ಷಕ್ಕೂ ಹೆಚ್ಚು ಕಾಲದಿಂದ ಅಟ್ಟದ ಮೇಲೆ ಕಾಯಿರಾಶಿಯ ಮಧ್ಯೆ ಕೂತಿತ್ತು.

ನಾನೂ ಚಿಕ್ಕನಾಯಕನಹಳ್ಳಿ ಕಡೆಯವಳೇ, ಅಟ್ಟದ ವಾಸನೆಯಲ್ಲೇ ಬೆಳೆದವಳು. ಸಿಪ್ಪೆ ಸುಲಿಯದ ಕಾಯಿಗಳನ್ನು ಅಟ್ಟಕ್ಕೆ ತುಂಬಿ ಹತ್ತು ಹನ್ನೊಂದು ತಿಂಗಳು ಬಿಟ್ಟರೆ ಒಳಗಿನ ನೀರು ಇಂಗುತ್ತದೆ, ತಿರುಳು ಚಿಪ್ಪನ್ನು ಬಿಟ್ಟು ಉಂಡೆ ಕೊಬ್ಬರಿಯಾಗುತ್ತದೆ. ಆಗಿದೆಯೋ ಇಲ್ಲವೋ ತಿಳಿಯಲು ಒಡೆದು ನೋಡುವುದಿಲ್ಲ, ಅಲ್ಲಾಡಿಸಿ ಕೇಳುತ್ತಾರೆ. ನೀರಿದ್ದರೆ ಕುಲುಕು, ಇಂಗುತ್ತಿದ್ದರೆ ಮೌನ, ಕೊಬ್ಬರಿಯಾಗಿದ್ದರೆ ಲೊಟಲೊಟ. ಆ ಮನೆಯಲ್ಲಿ ಕೇಳುವ ಕೆಲಸ ಯಜಮಾನಿಯದು. ಅವರು ಆಗಿದೆ ಎಂದರೆ ಮಾತ್ರ ಕಾಯಿ ಅಟ್ಟದಿಂದ ಇಳಿಯಬೇಕು. ಮುಂದಿನ ತಿಂಗಳು ಹಳೆಯ ಅಟ್ಟವನ್ನೇ ಕಿತ್ತು ಹೊಸ ಶೆಡ್ ಹಾಕಿಸುವವರಿದ್ದರು. ಅದಕ್ಕೇ ಪೆಟ್ಟಿಗೆ ಕೆಳಗಿಳಿಯಬೇಕಾಗಿತ್ತು, ನಮಗೂ ಐದೇ ದಿನ ಸಿಕ್ಕಿತ್ತು.

ಏಣಿ ಹತ್ತುವಾಗ ಯಜಮಾನಿ ಇನ್ನೊಂದು ಮಾತು ಹೇಳಿದರು. "ಅದು ಸುಮ್ಕೆ ಬಿದ್ದಿಲ್ಲ ಕಣವ್ವ. ಈಗ್ಲೂ ಮೊರೀತೈತೆ. ಮಧ್ಯಾಹ್ನ ಎಲ್ರೂ ಉಂಡು ಮಲಗಿದ್ಮೇಲೆ ಚೆನ್ನಾಗಿ ಕೇಳ್ತದೆ. ಒಂದೇ ಸ್ವರ. ನಮ್ಮಪ್ಪ ನಾಟ್ಕ ಶುರು ಮಾಡೋಕ್ ಮುಂಚೆ ಶ್ರುತಿ ಹಿಡ್ಕಂಡು ಕುಂತಿರ್ತಿದ್ರಲ್ಲ, ಅಂಗೆ."

ಯಜಮಾನರು ಕೆಳಗಿನಿಂದ ನಕ್ಕರು. "ನಮ್ಗ್ಯಾರ್ಗೂ ಕೇಳಿಲ್ಲ ಕಣಮ್ಮ. ಅವಳೊಬ್ಳಿಗೇ ಅದು."

ನಿರ್ದೇಶಕನ ಕಣ್ಣು ಅರಳಿದ್ದನ್ನು ನಾನು ನೋಡಿದೆ. ಮಾರನೆಯ ಬೆಳಿಗ್ಗೆಯ ಹೊತ್ತಿಗೆ ನಮ್ಮ ಚಿತ್ರ ದೆವ್ವದ ಕಥೆಯಾಗಿತ್ತು.

ಎರಡನೆಯ ದಿನ ಮಧ್ಯಾಹ್ನ ಅಟ್ಟದಲ್ಲಿ ಎರಡು ಮೈಕು ಇಟ್ಟೆ. ಒಂದು ಪೆಟ್ಟಿಗೆಯ ಎದುರಿಗೆ ಕಂಬಿಯ ಮೇಲೆ. ಇನ್ನೊಂದು ಮರಕ್ಕೇ ಅಂಟಿಸುವಂಥದ್ದು, ನಾಣ್ಯದಷ್ಟು ಗಾತ್ರದ ಬಿಲ್ಲೆ. ಅದಕ್ಕೆ ಗಾಳಿಯಲ್ಲಿ ಬರುವ ಸದ್ದು ಕೇಳಿಸುವುದಿಲ್ಲ, ಅಂಟಿಸಿದ ವಸ್ತುವಿನೊಳಗೆ ಹರಿಯುವ ನಡುಕ ಮಾತ್ರ ಕೇಳುತ್ತದೆ. ಎಲ್ಲರನ್ನೂ ಮನೆಯಿಂದ ಹೊರಗೆ ಕಳಿಸಿ, ಕರೆಂಟಿನ ಮೇನ್ ಇಳಿಸಿ, ರೆಕಾರ್ಡರ್ ಒತ್ತಿ, ಹೆಡ್‌ಫೋನ್ ಹಾಕಿಕೊಂಡು ಕಾಯಿರಾಶಿಯ ಮೇಲೆ ಒಂದೂವರೆ ಗಂಟೆ ಕೂತೆ. ಹೆಂಚು ಬಿಸಿಲಿಗೆ ಚಿಟಕೆನ್ನುತ್ತಿತ್ತು. ಒಮ್ಮೆ ಅಮ್ಮಸಂದ್ರದ ಕಡೆಯಿಂದ ರೈಲು ಹೋಯಿತು. ಕಾಯಿಯೊಂದು ತಾನಾಗಿ ಜಾರಿ ಇನ್ನೊಂದಕ್ಕೆ ತಾಗಿತು. ಮೊರೆತವಿರಲಿಲ್ಲ.

ಕೆಳಗಿಳಿದಾಗ ಯಜಮಾನಿ ಹೊಸ್ತಿಲಲ್ಲೇ ಕಾಯುತ್ತಿದ್ದರು. "ಕೇಳ್ತಲ್ಲ? ಇವತ್ತು ಜೋರಾಗೈತೆ."

ಸಂಜೆ ರೆಕಾರ್ಡಿಂಗನ್ನು ಮೂರು ಸಲ ಕೇಳಿದೆ, ಸದ್ದಿನ ಗೆರೆಯನ್ನು ಕಂಪ್ಯೂಟರಿನಲ್ಲಿ ಹಿಗ್ಗಿಸಿ ನೋಡಿದೆ. ಏನೂ ಇಲ್ಲ. ಆದರೆ ಮೂರನೆಯ ಸಲದ ಹೊತ್ತಿಗೆ ನನಗೇ ಆ ಸ್ವರ ಕೇಳತೊಡಗಿತ್ತು. ಹೆಡ್‌ಫೋನ್ ತೆಗೆದರೂ ಇತ್ತು. ಹತ್ತು ವರ್ಷದಿಂದ ಕಿವಿಯನ್ನೇ ನಂಬಿ ಅನ್ನ ತಿಂದವಳಿಗೆ ಇದರಷ್ಟು ಭಯದ ವಿಷಯ ಬೇರೆಯಿಲ್ಲ. ಸ್ನಾನ ಮಾಡುವಾಗಲೂ ಅದೇ, ಊಟಕ್ಕೆ ಕೂತಾಗಲೂ ಅದೇ. ಯಾರಿಗೂ ಹೇಳದೆ ಮಲಗಿದೆ.

ಮೂರನೆಯ ದಿನ ಕಾಯಿ ಇಳಿಸಲು ಆಳುಗಳು ಬಂದರು. ಯಜಮಾನಿ ಮಣೆ ಹಾಕಿಕೊಂಡು ಕೂತು ಒಂದೊಂದೇ ಕಾಯಿಯನ್ನು ಅಲ್ಲಾಡಿಸಿ ಬೇರೆ ಬೇರೆ ರಾಶಿಗೆ ಹಾಕುತ್ತಿದ್ದರು. ಅದರ ಸದ್ದು ಚಿತ್ರಕ್ಕೆ ಬೇಕಿತ್ತು, ಹತ್ತಿರ ಮೈಕು ಹಿಡಿದು ಕೂತೆ. ಹೆಡ್‌ಫೋನಿನಲ್ಲಿ ಲೊಟಲೊಟ ಚೆನ್ನಾಗಿ ಬರುತ್ತಿತ್ತು. ಸ್ವಲ್ಪ ಹೊತ್ತಿನ ಮೇಲೆ ನನ್ನ ಗಮನಕ್ಕೆ ಬಂದದ್ದು ಅವರ ಕೈ. ನಮ್ಮಜ್ಜಿ ಕಾಯಿಯನ್ನು ಕಿವಿಯ ಪಕ್ಕ ಹಿಡಿದು ಅಲ್ಲಾಡಿಸುತ್ತಿದ್ದಳು, ಊರೆಲ್ಲ ಹಾಗೇ ಮಾಡುತ್ತದೆ. ಇವರು ಕಾಯಿಯನ್ನು ದವಡೆಗೆ ಒತ್ತಿ ಹಿಡಿದು ಅಲ್ಲಾಡಿಸುತ್ತಿದ್ದರು. ಒತ್ತಿ ಒತ್ತಿ ಅವರ ಗಲ್ಲದ ಪಕ್ಕ ಕೆಂಪಾಗಿತ್ತು.

ನಾನು ಅವರ ಬೆನ್ನ ಹಿಂದೆ ಹೋಗಿ ನಿಂತು, ಮಾಮೂಲಿ ದನಿಯಲ್ಲಿ "ದೊಡ್ಡಮ್ಮ, ನೀರು ಬೇಕಿತ್ತು" ಅಂದೆ. ತಿರುಗಲಿಲ್ಲ. ಇನ್ನೊಮ್ಮೆ ಸ್ವಲ್ಪ ಜೋರಾಗಿ ಅಂದೆ. ಆಗಲೂ ಇಲ್ಲ. ಎದುರಿಗೆ ಬಂದು ಕೂತೆ. ಅವರು ನನ್ನ ತುಟಿ ನೋಡಿದರು, ನನ್ನ ಮುಖ ನೋಡಿದರು, ತಾವು ಸಿಕ್ಕಿಬಿದ್ದದ್ದು ಅವರಿಗೆ ತಿಳಿಯಿತು.

"ಯಾರಿಗೂ ಹೇಳ್ಬೇಡ ಕಣವ್ವ," ಎಂದರು, ಆಳುಗಳ ಕಡೆ ಕಣ್ಣು ಹಾಯಿಸಿ. "ನಾಕೈದು ವರ್ಷ್ದಿಂದ ಹಿಂಗೆ. ಎದುರಿಗೆ ಬಂದು ಮಾತಾಡಿದ್ರೆ ತಿಳೀತೈತೆ. ನಾನೇ ಒಂದೇ ಸಮ ಮಾತಾಡ್ತಾ ಇದ್ರೆ ಯಾರೂ ಏನೂ ಕೇಳಕ್ಕೋಗಲ್ಲ. ಹೋದ್ ವರ್ಷ ಅಟ್ಟದ ಒಂದು ಅಂಕಣದ ಕಾಯೆಲ್ಲಾ ಆಗೈತೆ ಅಂದ್ಬುಟ್ಟೆ, ಒಡೆದ್ರೆ ಒಳಗೆ ಹಸಿ. ಬೈಸ್ಕಂಡಿದ್ದು ಆಳು."

ಮೊದಲ ದಿನದಿಂದ ಅವರನ್ನು ವಾಚಾಳಿ ಎಂದು ನಾವು ಮೂವರೂ ಹಿಂದಿನಿಂದ ನಗುತ್ತಿದ್ದೆವು. ನನಗೆ ನಾಚಿಕೆಯಾಯಿತು. ಅಂದು ಸಂಜೆ ರೆಕಾರ್ಡಿಂಗ್ ಮತ್ತೆ ಹಾಕಿದೆ. ಮೊರೆತ ನನ್ನ ಕಿವಿಯಿಂದ ಹೋಗಿಬಿಟ್ಟಿತ್ತು. ಅದು ಎಲ್ಲಿದೆ ಎಂಬುದು ಆಗ ಗೊತ್ತಾಗಿತ್ತು: ಅಟ್ಟದಲ್ಲಲ್ಲ, ಕೆಡುತ್ತಿದ್ದ ಅವರ ಕಿವಿಯೊಳಗೆ.

ನಾಲ್ಕನೆಯ ದಿನ ತಿಪಟೂರಿನಿಂದ ಹಾರ್ಮೋನಿಯಂ ರಿಪೇರಿಯವರು ಬಂದರು. ಮಿತಭಾಷಿ, ಮೂಗಿನ ತುದಿಯಲ್ಲಿ ಕನ್ನಡಕ, ಮೂಗಿನ ಮೇಲೆ ಸಿಟ್ಟು. ಪೆಟ್ಟಿಗೆ ಹಜಾರಕ್ಕೆ ಇಳಿದಿತ್ತು. ಮೇಲಿನ ಹಲಗೆ ಬಿಚ್ಚಿದ್ದೇ ಅವರು "ಶಿವಶಿವಾ" ಎಂದು ಹಿಂದಕ್ಕೆ ಸರಿದರು. ಒಳಗೆಲ್ಲ ಕಂದು ಬಣ್ಣದ ಗೋಂದು. ಸ್ವರ ಹೊರಡಿಸುವ ಹಿತ್ತಾಳೆಯ ರೀಡುಗಳು ಅದರಲ್ಲಿ ಹೂತುಹೋಗಿದ್ದವು. ಬೆರಳು ಅದ್ದಿ ಮೂಸಿದರು.

"ಕೊಬ್ರಿ ಎಣ್ಣೆ! ಯಾರ್ರೀ ಇದರೊಳಕ್ಕೆ ಎಣ್ಣೆ ಸುರಿದಿದ್ದು?"

ಯಜಮಾನಿ ಅವರ ಬೆನ್ನ ಹಿಂದೆ ಕಾಫಿ ಲೋಟ ಹಿಡಿದು ನಿಂತಿದ್ದರು. ಪ್ರಶ್ನೆ ಕೇಳಿಸಿರಲಿಲ್ಲ, ತಾವಾಗಿಯೇ ಹೆಮ್ಮೆಯಿಂದ ಹೇಳಿದರು: "ಒಂದ್ ವರ್ಷನೂ ತಪ್ಸಿಲ್ಲ ಕಣ್ರೀ. ಆಯುಧಪೂಜೆ ದಿನ ಅಟ್ಟ ಹತ್ತಿ, ಬೆರಳಲ್ಲಿ ಒತ್ತೋ ಮನೆಗಳ ಸಂದಿಗೆ ಒಂದ್ ಚಮಚ ನಮ್ಮ ಗಾಣದೆಣ್ಣೆ ಬುಟ್ಟು, ಅರಿಶಿನ ಕುಂಕುಮ ಇಟ್ಟು ಬತ್ತಿದ್ದೆ. ತುಕ್ಕು ಹಿಡೀಬಾರ್ದಲ್ಲ."

ನಮ್ಮ ಸೀಮೆಯಲ್ಲಿ ಬಾಗಿಲು ಕಿರುಗುಟ್ಟಿದರೂ, ಮಂಡಿ ನೋವಾದರೂ, ಮಗುವಿನ ತಲೆ ಒಣಗಿದರೂ ಒಂದೇ ಔಷಧಿ. ನಾನೇ ಆ ಮನೆಯವಳಾಗಿದ್ದರೂ ಅದನ್ನೇ ಸುರಿಯುತ್ತಿದ್ದೆ. ರಿಪೇರಿಯವರು ತಲೆ ಬಗ್ಗಿಸಿಕೊಂಡೇ ಬೈಯುತ್ತಾ ಹೋದರು. ಎಣ್ಣೆಗೆ ಧೂಳು ಕೂತು ರೀಡು ಸತ್ತಿವೆ, ಎಣ್ಣೆಯ ವಾಸನೆಗೆ ಇಲಿ ಬಂದು ತಿದಿಯ ಚರ್ಮ ತಿಂದಿದೆ, ಪೂಜೆ ಮಾಡಿ ಮಾಡಿ ಕೊಂದಿದ್ದೀರಿ. ಯಜಮಾನಿ ಅವರ ಬೆನ್ನಿನ ಕಡೆ ಮುಗುಳ್ನಗುತ್ತಾ, ಕಾಫಿ ಆರುತ್ತೆ ಕುಡಿಯಿರಿ ಎನ್ನುತ್ತಿದ್ದರು. ನನಗೆ ಅಲ್ಲಿ ನಿಲ್ಲಲಾಗಲಿಲ್ಲ, ಅಂಗಳಕ್ಕೆ ಎದ್ದು ಹೋದೆ.

ಮಧ್ಯಾಹ್ನದವರೆಗೆ ರಿಪೇರಿಯವರು ತಿದಿಗೆ ಹೊಸ ಚರ್ಮ ಅಂಟಿಸಿದರು. ರೀಡುಗಳನ್ನು ಒಂದೊಂದಾಗಿ ಬಿಚ್ಚಿ ಸೀಮೆಎಣ್ಣೆಯಲ್ಲಿ ತೊಳೆದರು. ಹೆಚ್ಚಿನವು ಕಿಲುಬು ತಿಂದು ಮುಟ್ಟಿದರೆ ಮುರಿಯುವ ಹಾಗಿದ್ದವು. ಎಡತುದಿಗೆ ಎಣ್ಣೆಯ ಚಮಚ ತಲುಪಿರಲಿಲ್ಲ, ಅಲ್ಲಿನ ಮೂರು ಉಳಿದಿದ್ದವು. ಮೇಲಿನ ಹಲಗೆಯ ಅಂಚಿನಲ್ಲಿ, ಸರಿಯಾಗಿ ನಡುಮಧ್ಯೆ, ಮರ ಸವೆದು ಸಣ್ಣ ಸಣ್ಣ ಕಚ್ಚು ಬಿದ್ದಿದ್ದವು. "ಇಲ್ಲೂ ಇಲಿ," ಎಂದು ಗೊಣಗಿದರು. ಹೋಗುವಾಗ ನನಗೆ ಹೇಳಿದ್ದು ಇಷ್ಟು: "ಮೂರು ಸ್ವರ ಐತೆ. ಹಾಡು ಗೀಡು, ಪಲುಕು ಗಿಲುಕು ಏನೂ ಬರಲ್ಲ. ಮೊರೀತದೆ, ಅಷ್ಟೇ."

ನಿರ್ದೇಶಕ ತಲೆಯ ಮೇಲೆ ಕೈಹೊತ್ತು ಕೂತ. ಹತ್ತೇ ನಿಮಿಷದಲ್ಲಿ ಉಪಾಯ ಹುಡುಕಿಕೊಂಡು ಎದ್ದ. ಪೆಟ್ಟಿಗೆಯೊಳಗೆ ಸ್ಪೀಕರ್ ಅಡಗಿಸಿ, ಸ್ಟುಡಿಯೋದ ಒಳ್ಳೆಯ ಹಾರ್ಮೋನಿಯಂ ಟ್ರ್ಯಾಕ್ ಹಾಕೋಣ. ಅವರು ತುಳಿಯಲಿ, ಹಾಡು ಬರಲಿ, ಅವರ ಕಣ್ಣಲ್ಲಿ ನೀರು ಬರುವುದನ್ನು ಹತ್ತಿರದಿಂದ ಹಿಡಿಯೋಣ.

"ಅವರಿಗೆ ಗೊತ್ತಾಗಲ್ಲ ಬಿಡು," ಅಂದ. "ಕಿವಿ ಮಂದ ಅಂತ ನೀನೇ ಹೇಳಿದೆಯಲ್ಲ."

ಹೇಳಬಾರದಿತ್ತು. ಅವರು ಬೇಡವೆಂದಿದ್ದರೂ, ಅದೇ ಸಂಜೆಯೊಳಗೆ ನಮ್ಮ ತಂಡದವನೆಂದು ಅವನಿಗೆ ಉಸುರಿದ್ದೆ. ಅದು ನನ್ನ ತಪ್ಪು, ಈಗಲೂ ಚುಚ್ಚುತ್ತದೆ.

"ಸ್ಪೀಕರ್ ಇಟ್ಟರೆ ನಾನು ರೆಕಾರ್ಡರ್ ಒತ್ತಲ್ಲ," ಅಂದೆ.

"ಇದು ಸಿನಿಮಾ."

"ಅವರಿಗೆ ಅಲ್ಲ."

ಜಗಳ ಎಷ್ಟಾಯಿತೆಂದರೆ ಕ್ಯಾಮೆರಾದವನು ನಾವು ಬಂದ ಟೆಂಪೊದಲ್ಲಿ ಹೋಗಿ ಕೂತ. ನನಗೆ ಗೊತ್ತಿತ್ತು, ಸ್ಪೀಕರ್ ತಡೆದರಷ್ಟೇ ಸಾಲದು. ನಾಳೆ ಪೆಟ್ಟಿಗೆ ಮೂರು ಸ್ವರ ಮೊರೆದರೂ ಅವರಿಗೆ ಅದಕ್ಕೂ ಕಿವಿಯೊಳಗಿನದಕ್ಕೂ ವ್ಯತ್ಯಾಸ ತಿಳಿಯದೆ ಹೋಗಬಹುದು. ಆಗ ನಾವು ಕೊಟ್ಟ ಮಾತೂ ಸುಳ್ಳೇ. ಸತ್ಯ ಹೇಳಬೇಕಾದವಳು ನಾನೇ ಆದೆ.

ಅಡಿಗೆಮನೆಯಲ್ಲಿ ಅವರೊಬ್ಬರೇ ಇದ್ದರು. ನನ್ನ ಹೆಡ್‌ಫೋನನ್ನು ಅವರ ತಲೆಗೆ ಹಾಕಿ, ಎದುರಿಗೆ ಕೂತು, ನಿಧಾನವಾಗಿ "ಅಟ್ಟದಲ್ಲಿ ಹಿಡಿದದ್ದು" ಎಂದು ಹೇಳಿ, ಎರಡನೆಯ ದಿನ ಮಧ್ಯಾಹ್ನದ ಆ ಖಾಲಿ ರೆಕಾರ್ಡಿಂಗ್ ಹಾಕಿದೆ. ಅವರ ಮುಖ ಬೆಳಗಿತು.

"ಐತಲ್ಲ! ಕೇಳ್ತೈತಲ್ಲ ಮಗಾ! ಇದೇ ಇದು!"

ನಾನು ಹೆಡ್‌ಫೋನಿನ ವಯರನ್ನು ರೆಕಾರ್ಡರಿನಿಂದ ಕಿತ್ತೆ. ತುದಿಯನ್ನು ಅವರ ಕಣ್ಣೆದುರು ಹಿಡಿದೆ. ಅವರು ಇನ್ನೂ ತಲೆಯಾಡಿಸುತ್ತಿದ್ದರು. ಆಮೇಲೆ ತಲೆ ನಿಂತಿತು. ನನ್ನ ಕೈಯಲ್ಲಿದ್ದ ವಯರನ್ನು ನೋಡಿದರು, ಹೆಡ್‌ಫೋನ್ ತೆಗೆದರು, ಎರಡೂ ಕಿವಿಗಳನ್ನು ಅಂಗೈಯಿಂದ ಮುಚ್ಚಿದರು, ಬಿಟ್ಟರು, ಮತ್ತೆ ಮುಚ್ಚಿದರು.

"ಹಂಗಾದ್ರೆ ನಮ್ಮಪ್ಪ ಬತ್ತಿರ್ಲಿಲ್ವಾ?"

ಅವರ ಕೈ ಹಿಡಿದೆ. ಆಗ ಅವರು ನಮ್ಮಲ್ಲಿ ಯಾರಿಗೂ ಹೇಳದ ಸಂಗತಿ ಹೇಳಿದರು.

ಅವರು ಹದಿನಾರು ವರ್ಷದ ಹುಡುಗಿಯಾಗಿದ್ದಾಗ ಇದೇ ಹಜಾರದಲ್ಲಿ ನಾಟಕದ ಪ್ರಾಕ್ಟೀಸು ನಡೆಯುತ್ತಿತ್ತು. ಹೆಣ್ಣು ಪಾತ್ರಕ್ಕೆ ಪೇಟೆಯಿಂದ ಬರಬೇಕಾದವಳು ಒಂದು ದಿನ ಬರಲಿಲ್ಲ. ಬಾಗಿಲ ಹಿಂದೆ ನಿಂತು ಹಾಡನ್ನೆಲ್ಲ ಕಲಿತಿದ್ದ ಇವರು ಧೈರ್ಯ ಮಾಡಿ ಈಚೆ ಬಂದು ಹಾಡಿದರು. ಜನ ಚೆನ್ನಾಗಿದೆ ಎಂದರು.

"ನಮ್ಮಪ್ಪ ಮಾತ್ರ ತಲೆ ಎತ್ತಲಿಲ್ಲ. ಪೆಟ್ಟಿಗೆ ಮ್ಯಾಲೆ ಮಕ ಊರ್ಕಂಡು ಕುಂತಿದ್ರು. ಹೆಂಗಿತ್ತಪ್ಪ ಅಂತ ಕೇಳ್ದೆ. ನನ್ ಕಡೆ ತಿರುಗ್ಲೂ ಇಲ್ಲ. ಮಾರ್ನೇ ದಿನ ನಾಕು ಆಳು ಕರೆಸಿ ಪೆಟ್ಟಿಗೆನ ಅಟ್ಟಕ್ಕೆ ಏರಿಸ್ಬುಟ್ರು. ಸಾಯೋಗಂಟ ಮುಟ್ಲಿಲ್ಲ. ನಾನೂ ಆಮೇಲೆ ಒಂದ್ ಲಾಲಿ ಹಾಡ್ನೂ ಹೇಳ್ಲಿಲ್ಲ, ನನ್ ಮಕ್ಳಿಗೂ." ಸೆರಗಿನಿಂದ ಮೂಗು ಒರೆಸಿಕೊಂಡರು. "ಈ ನಾಕು ವರ್ಷ್ದಿಂದ ಅದು ಮೊರಿಯಾಕ್ ಶುರು ಆದಾಗ, ಸಿಟ್ಟು ಇಳೀತು ಅನ್ಕಂಡಿದ್ದೆ."

ನಾನು ಆ ದಿನ ಒಳ್ಳೆಯ ಕೆಲಸ ಮಾಡಿದೆನೆಂದು ನನಗೆ ಅನ್ನಿಸಲಿಲ್ಲ. ನಲವತ್ತು ವರ್ಷದ ಮೇಲೆ ಸಿಕ್ಕಿದ ಕ್ಷಮೆಯನ್ನು ಒಂದು ವಯರು ಕಿತ್ತು ಕಸಿದಿದ್ದೆ.

ಐದನೆಯ ದಿನ ಬೆಳಿಗ್ಗೆ ಅವರು ಬರುತ್ತಾರೋ ಇಲ್ಲವೋ ಎಂದು ನಾವು ಕಾದೆವು. ಬಂದರು, ತಲೆ ಬಾಚಿ ಹೂ ಮುಡಿದು. "ಮಾತು ಮಾತೇ. ನುಡಿಸಿ," ಎಂದು ಸ್ಟೂಲಿನ ಮೇಲೆ ಕೂತರು. ನಿರ್ದೇಶಕ ನನ್ನ ಮುಖ ನೋಡದೆ ಸ್ಪೀಕರನ್ನು ತಾನೇ ಹೊರಗೆ ಇಟ್ಟು ಬಂದಿದ್ದ, ಅಷ್ಟು ಅವನ ಬಗ್ಗೆ ಹೇಳಲೇಬೇಕು. ಬಿಲ್ಲೆ ಮೈಕನ್ನು ಪೆಟ್ಟಿಗೆಯ ಪಕ್ಕದ ಹಲಗೆಗೆ ಅಂಟಿಸಿದೆ. ಅವರ ಮಂಡಿ ನೋವಿಗೆ ತುಳಿಯುವುದು ಆಗದೆಂದು ನಾನೇ ಪಕ್ಕದಲ್ಲಿ ಕೂತು ತುಳಿದೆ, ಎಡತುದಿಯ ಮನೆ ಒತ್ತಿದೆ.

ಪೆಟ್ಟಿಗೆ ಮೊದಲು ಉಸಿರೆಳೆದುಕೊಂಡಿತು. ಆಮೇಲೆ ದಪ್ಪ ದನಿಯಲ್ಲಿ ನುಡಿಯಿತು. ಯಜಮಾನರು ಬಾಗಿಲಲ್ಲಿ ನಿಂತಿದ್ದವರು ಹೆಗಲ ಮೇಲಿನ ವಸ್ತ್ರ ಕೈಗೆ ತೆಗೆದುಕೊಂಡರು. ಆದರೆ ಯಾರಿಗೆ ಕೇಳಬೇಕೋ ಅವರು ನನ್ನ ಬೆರಳನ್ನು, ನಮ್ಮೆಲ್ಲರ ಮುಖಗಳನ್ನು ಒಂದೊಂದಾಗಿ ನೋಡುತ್ತಿದ್ದರು.

"ಬತ್ತೈತಾ?"

ತಲೆಯಾಡಿಸಿದೆ. ಅವರು ಕಿವಿಯನ್ನು ಹತ್ತಿರ ತಂದರು. ಇಲ್ಲವೆಂದು ಕೈಯಾಡಿಸಿದರು. ಆಗ ನನಗೆ ಕಾಯಿ ನೆನಪಾಯಿತು. ನನ್ನ ದವಡೆಯನ್ನು ಮುಟ್ಟಿ, ಪೆಟ್ಟಿಗೆಯ ಹಲಗೆ ತೋರಿಸಿದೆ. ಅವರು ಬಗ್ಗಿ ಗಲ್ಲವನ್ನು ಹಲಗೆಗೆ ಊರಿದರು. ಕಣ್ಣು ಅಗಲವಾದವು. ಇನ್ನೂ ಬೇಕೆನ್ನಿಸಿರಬೇಕು, ಗಲ್ಲ ಸರಿಸಿ ಬಾಯಿ ತೆರೆದು ಹಲ್ಲನ್ನೇ ಅಂಚಿಗೆ ಕಚ್ಚಿ ಹಿಡಿದರು. ಹಾಗೇ ಇದ್ದವರು ತಟ್ಟನೆ ಹಿಂದೆ ಸರಿದು, ಬಾಯಿ ಇಟ್ಟ ಜಾಗವನ್ನು ಬೆರಳಿನಿಂದ ಸವರಿದರು. ಇಲಿ ಕಡಿದದ್ದೆಂದು ರಿಪೇರಿಯವರು ಹೇಳಿದ್ದ ಕಚ್ಚುಗಳ ಮೇಲೆ ಅವರ ಎಂಜಲು ಹೊಳೆಯುತ್ತಿತ್ತು. ಮೇಲೊಂದು ಹಲ್ಲಿನ ಸಾಲು, ಕೆಳಗೊಂದು ಸಾಲು. ಇಲಿ ಹೀಗೆ ಕಡಿಯುವುದಿಲ್ಲ.

ನಾನು ಮನೆ ಒತ್ತಿದ್ದ ಬೆರಳನ್ನು ಎತ್ತಿದೆ.

"ನಮ್ಮಪ್ಪಂಗೂ ಕೇಳ್ತಿರ್ಲಿಲ್ಲ," ಎಂದರು, ಮೆಲ್ಲಗೆ, ಗಂಡನ ಕಡೆ ತಿರುಗಿ. "ಮಕ ಊರ್ಕಂಡು ಕುಂತಿದ್ದು ಇದಕ್ಕೆ. ಪೆಟ್ಟಿಗೆ ಕೇಳ್ತಿತ್ತು. ನನ್ ದನಿ ಕೇಳ್ತಿರ್ಲಿಲ್ಲ. ನನ್ ಹಾಡು ಅವ್ರಿಗೆ ಕೇಳೇ ಇಲ್ಲ ಕಣ್ರೀ."

ತಿಂಗಳ ಮೇಲೆ ತುಮಕೂರಿನ ಕಿವಿ ಡಾಕ್ಟರು ಇದು ವಂಶದಲ್ಲಿ ಬರುವ ತೊಂದರೆ, ಅಪ್ಪನಿಂದ ಬಂದಿರಬಹುದು, ಮೂಳೆಯ ಮೂಲಕ ಸದ್ದು ಒಳಗೆ ಹೋಗುತ್ತದೆ ಎಂದರಂತೆ. ಅಂದು ನಮಗೆ ಡಾಕ್ಟರು ಬೇಕಿರಲಿಲ್ಲ. ಹಾಡು ಕಲಿಸುವ ಮೇಷ್ಟ್ರಿಗೆ ಹಾಡು ಕೇಳಿಸುವುದಿಲ್ಲ ಎಂಬುದನ್ನು ಆ ಮನುಷ್ಯ ಯಾರಿಗೆ ಹೇಳಿಯಾನು? ಮಗಳು ಕಾಯಿರಾಶಿಯ ಮುಂದೆ ಕೂತು ಮಾಡಿದ್ದನ್ನೇ ಅವರೂ ಮಾಡಿದ್ದರು. ಮಗಳು ಹಾಡಿದ ದಿನ ಅವಳ ಬಾಯಿ ಆಡುವುದು ಓರೆಗಣ್ಣಿಗೆ ಕಂಡು, ದನಿ ಮಾತ್ರ ಕಿವಿಗೆ ಬಾರದೆ, ಇನ್ನು ಮುಚ್ಚಿಡಲಾಗದೆಂದು ಪೆಟ್ಟಿಗೆಯನ್ನೇ ಮುಚ್ಚಿರಬೇಕು.

ಅವರು ನನ್ನ ಕೈಯನ್ನು ಮತ್ತೆ ಮನೆಯ ಮೇಲೆ ಇಟ್ಟರು. "ತುಳಿ ಮಗಾ. ನಿಲ್ಸಬೇಡ."

ತುಳಿದೆ. ಅವರು ಗಲ್ಲವನ್ನು ಹಲಗೆಗೆ ಊರಿ, ತುಟಿ ಮುಚ್ಚಿಕೊಂಡೇ ಗುನುಗತೊಡಗಿದರು. ನಲವತ್ತು ವರ್ಷ ಬಳಸದ ದನಿ, ತರಿತರಿಯಾಗಿತ್ತು. ಬಿಲ್ಲೆ ಮೈಕಿನಲ್ಲಿ ಎರಡೂ ಒಟ್ಟಿಗೆ ಬರುತ್ತಿದ್ದವು, ರೀಡಿನ ಸ್ವರವೂ ಅವರ ಮೂಳೆಯಿಂದ ಮರಕ್ಕಿಳಿದ ದನಿಯೂ. ಎರಡು ಸ್ವರ ಹತ್ತಿರ ಬಂದು ಸೇರದೆ ಇದ್ದರೆ ನಡುವೆ ಒಂದು ಅಲೆ ಹುಟ್ಟುತ್ತದೆ, ವೋಂ ವೋಂ ಎಂದು ಬಡಿಯುತ್ತದೆ. ಶ್ರುತಿ ಮಾಡುವವರು ಅದನ್ನೇ ಕೇಳುತ್ತಾರೆ. ಹೆಡ್‌ಫೋನಿನಲ್ಲಿ ಆ ಅಲೆ ಮೊದಲು ಬೇಗ ಬೇಗ ಬಡಿಯಿತು. ಅವರು ಕಣ್ಣು ಮುಚ್ಚಿ ದನಿಯನ್ನು ಒಂದಿಷ್ಟು ಇಳಿಸಿದರು. ಅಲೆ ನಿಧಾನವಾಯಿತು. ಇನ್ನೂ ನಿಧಾನವಾಯಿತು. ನನ್ನ ಕಾಲು ನೋಯುತ್ತಿತ್ತು, ನಿಲ್ಲಿಸಲಿಲ್ಲ. ಒಂದು ಕ್ಷಣದಲ್ಲಿ ಅಲೆ ಪೂರ್ತಿ ನಿಂತುಹೋಯಿತು. ಯಾವುದು ಪೆಟ್ಟಿಗೆ, ಯಾವುದು ಅವರು ಎಂದು ಬಿಡಿಸಿ ಹೇಳಲು ನನಗೆ ಸಾಧ್ಯವಾಗಲಿಲ್ಲ.

ಉಸಿರು ಮುಗಿದು ಅವರು ತಲೆ ಎತ್ತಿದರು. ಗಲ್ಲದ ಮೇಲೆ ಹಲಗೆಯ ಗೆರೆ ಕೆಂಪಾಗಿ ಮೂಡಿತ್ತು. ಕ್ಯಾಮೆರಾ ಕಡೆ ನೋಡಲಿಲ್ಲ, ಗಂಡನ ಕಡೆ ನೋಡಲಿಲ್ಲ. ಹದಿನಾರರ ಹುಡುಗಿ ಕೇಳಿದ್ದ ಪ್ರಶ್ನೆಯನ್ನು ನನ್ನ ತುಟಿಗಳ ಮೇಲೆ ಕಣ್ಣಿಟ್ಟು ಕೇಳಿದರು.

"ಹೆಂಗಿತ್ತು?"

"ಶ್ರುತಿ ಸೇರ್ತು, ದೊಡ್ಡಮ್ಮ," ಅಂದೆ, ಅವರಿಗೆ ಕಾಣುವ ಹಾಗೆ.